ಬೆವರಿನ ಬೆಲೆ, ಬರಹದ ಬಲ

ಸರಕಾರಿ ಕಾಮಗಾರಿಯ ಬಿಲ್ಲು ತಡವಾದಾಗ ಮುಖ್ಯ ಗುತ್ತಿಗೆದಾರನು ಸರಕಾರದತ್ತ ಬೆರಳು ತೋರಿಸುತ್ತಾನೆ. ಸರಕಾರವೋ, ಉಪಗುತ್ತಿಗೆದಾರನೊಂದಿಗೆ ತನಗೆ ಕರಾರೇ ಇಲ್ಲವೆಂದು ಕೈತೊಳೆದುಕೊಳ್ಳುತ್ತದೆ. ನಡುವೆ ನಲುಗುವವರು ಸೆಂಟ್ರಿಂಗ್, ಗಾರೆ, ವೈರಿಂಗ್ ಕೆಲಸ ವಹಿಸಿಕೊಂಡ ಸಣ್ಣ ಮೇಸ್ತ್ರಿಗಳು. ಬಿಲ್ಲು ಬಾಕಿಯೆಂದು ದೂರಿದ್ದ ಬೆಳಗಾವಿಯ ಗುತ್ತಿಗೆದಾರರೊಬ್ಬರು 2022ರ ಎಪ್ರಿಲ್‌ನಲ್ಲಿ ಉಡುಪಿಯಲ್ಲಿ ಮೃತಪಟ್ಟುದನ್ನು ನಾಡು ಮರೆತಿಲ್ಲ. ಅವರ ಕೈಯಲ್ಲಿ ಕಾರ್ಯಾದೇಶವಿರಲಿಲ್ಲ.

ಗುತ್ತಿಗೆದಾರನು ಕೂಲಿ ಕೊಡದಿದ್ದರೆ ಮೂಲ ಮಾಲಿಕನೇ ಕೊಡಬೇಕೆಂದು 1970ರ ಗುತ್ತಿಗೆ ಕಾರ್ಮಿಕ ಕಾಯ್ದೆ ವಿಧಿಸಿತ್ತು. ಆ ನ್ಯಾಯ ಉಪಗುತ್ತಿಗೆದಾರನಿಗೇಕೆ ಸಲ್ಲಬಾರದು? ಅವನ ಬಾಕಿ ತೀರಿದ ಪುರಾವೆಯಿಲ್ಲದೆ ಅಂತಿಮ ಬಿಲ್ಲು ಪಾವತಿಯಾಗಬಾರದು.

ನಮ್ಮ ಲೋಪವನ್ನೂ ಒಪ್ಪಿಕೊಳ್ಳೋಣ. ಸಾಲದ ವ್ಯವಹಾರವನ್ನು ಬರೆದಿಡಬೇಕೆಂದು ಕುರ್‌ಆನ್ (2:282) ಆದೇಶಿಸಿದ್ದರೂ ನಾವು ಬಾಯಿಮಾತನ್ನೇ ನಂಬಿ ಲಕ್ಷಾಂತರ ರೂಪಾಯಿಯ ಕೆಲಸಕ್ಕಿಳಿಯುತ್ತೇವೆ. ಬೆವರಾರುವ ಮುನ್ನ ಕೂಲಿ ಸಲ್ಲಿಸಬೇಕೆಂಬ ಪ್ರವಾದಿ(ಸ)ಯವರ ಬೋಧನೆ ಸರಕಾರಕ್ಕೆ ಮಾತ್ರವಲ್ಲ, ನಮ್ಮೊಳಗಿನ ಗುತ್ತಿಗೆದಾರರಿಗೂ ಅನ್ವಯಿಸುತ್ತದೆ.