ಆಕ್ರಮಣಕಾರಿ ನಾಯಿ ಎಂಬ ಹಣೆಪಟ್ಟಿ

ಬೀದಿನಾಯಿಗಳ ಕುರಿತು ಸುಪ್ರೀಂ ಕೋರ್ಟ್ 2025ರ ಆಗಸ್ಟ್ 22ರಂದು ನೀಡಿದ ಆದೇಶದ ಪ್ರಕಾರ, ಹಿಡಿದ ನಾಯಿಗೆ ಸಂತಾನಹರಣ ಚಿಕಿತ್ಸೆ ಮಾಡಿ, ಲಸಿಕೆ ಹಾಕಿ, ಹಿಡಿದ ಜಾಗದಲ್ಲೇ ಬಿಡಬೇಕು. ರೇಬೀಸ್ ತಗುಲಿದ ಅಥವಾ ಆ ಶಂಕೆಯಿರುವ ನಾಯಿಗಳನ್ನೂ ಆಕ್ರಮಣಕಾರಿ ನಾಯಿಗಳನ್ನೂ ಮಾತ್ರ ಬಿಡುವಂತಿಲ್ಲ. ರೇಬೀಸ್‌ಗೆ ಪಶುವೈದ್ಯರು ಗುರುತಿಸಬಲ್ಲ ಲಕ್ಷಣಗಳಿವೆ. ನಾಯಿ ಸತ್ತ ಮೇಲೆ ಮಿದುಳಿನ ಪರೀಕ್ಷೆಯಿಂದ ಅದು ಖಚಿತವೂ ಆಗುತ್ತದೆ. ಆಕ್ರಮಣಕಾರಿ ಎಂದರೆ ಯಾವುದು ಎಂಬುದಕ್ಕೆ ಮಾತ್ರ ಆದೇಶದಲ್ಲಿ ಅಳತೆಗೋಲಿಲ್ಲ. ಹಾಗಾಗಿ ನಾಯಿಯ ಸ್ವಭಾವ ಅಳೆಯುವ ಹೊಣೆ ನಾಯಿ ಹಿಡಿಯುವ ವಾಹನದ ಸಿಬ್ಬಂದಿಯ ಮೇಲೆ ಬೀಳುವ ಅಪಾಯವಿದೆ.

ಈ ಹೊಣೆಯಿಂದ ಪಾರಾಗಲು ಎರಡು ಅಡ್ಡದಾರಿಗಳಿವೆ. ಮೊದಲನೆಯದು ತಳಿ ನೋಡಿ ತೀರ್ಮಾನಿಸುವುದು. ಸಾಕುನಾಯಿಗಳ ವಿಷಯದಲ್ಲಿ ಇದರ ಪ್ರಯೋಗ ಆಗಿಹೋಗಿದೆ. ಕೇಂದ್ರ ಸರ್ಕಾರ 2024ರ ಮಾರ್ಚ್ 12ರ ಸುತ್ತೋಲೆಯಲ್ಲಿ ಪಿಟ್‌ಬುಲ್, ರಾಟ್‌ವೀಲರ್ ಸೇರಿ 23 ತಳಿಗಳ ಆಮದು, ಸಂತಾನೋತ್ಪಾದನೆ ಮತ್ತು ಮಾರಾಟವನ್ನು ತಡೆಯಲು ಹೊರಟಿತು. ಸಂಬಂಧಪಟ್ಟವರ ಮಾತು ಕೇಳದೆ ಹೊರಡಿಸಿದ ಆ ಸುತ್ತೋಲೆಯನ್ನು ಕರ್ನಾಟಕ ಹೈಕೋರ್ಟ್ ಏಪ್ರಿಲ್ 10ರಂದು ರದ್ದುಪಡಿಸಿತು.

ಸುತ್ತೋಲೆ ಬಿದ್ದದ್ದು ಕಾನೂನಿನ ಲೋಪದಿಂದ. ಅದರ ವಿಜ್ಞಾನವೂ ಗಟ್ಟಿಯಾಗಿರಲಿಲ್ಲ. ಹುಟ್ಟುಗುಣ ಸುಟ್ಟರೂ ಹೋಗದು ಎಂಬ ನಂಬಿಕೆಯೇ ತಳಿಪಟ್ಟಿಗೆ ಆಧಾರ. ಅಮೆರಿಕದ ಸಂಶೋಧಕರು 18,000ಕ್ಕೂ ಹೆಚ್ಚು ನಾಯಿಗಳ ವರ್ತನೆಯ ಮಾಹಿತಿ ಕಲೆಹಾಕಿ, ಅವುಗಳಲ್ಲಿ ಎರಡು ಸಾವಿರಕ್ಕೂ ಹೆಚ್ಚಿನವುಗಳ ಡಿಎನ್‌ಎ ಓದಿ 2022ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಫಲಿತಾಂಶ ಪ್ರಕಟಿಸಿದರು. ಅದರ ಪ್ರಕಾರ, ನಾಯಿ ನಾಯಿಗಳ ನಡುವಿನ ವರ್ತನೆಯ ವ್ಯತ್ಯಾಸದಲ್ಲಿ ತಳಿಯ ಪಾಲು ಸುಮಾರು ಶೇ 9 ಮಾತ್ರ. ಬೀದಿನಾಯಿಗಂತೂ ಪಟ್ಟಿಯಲ್ಲಿ ಸೇರಿಸಲು ಗೊತ್ತಾದ ತಳಿಯೇ ಇಲ್ಲ.

ಎರಡನೆಯ ಅಡ್ಡದಾರಿ, ಒಂದೇ ಬಾರಿಯ ಸ್ವಭಾವ ಪರೀಕ್ಷೆ. ಅಮೆರಿಕದ ನಾಯಿಧಾಮಗಳಲ್ಲಿ ಇದು ಬಹುಕಾಲ ನಡೆಯಿತು. ಕೋಲಿಗೆ ಸಿಕ್ಕಿಸಿದ ಕೃತಕ ಕೈಯಿಂದ ನಾಯಿಯ ಊಟದ ಬಟ್ಟಲನ್ನು ಸರಿಸುವುದು ಅದರ ಒಂದು ಭಾಗ. ಗುರುಗುಟ್ಟಿದರೆ, ಆ ಕೈಯನ್ನು ಕಚ್ಚಿದರೆ ಅನುತ್ತೀರ್ಣ. ಎಷ್ಟೋ ಕಡೆ ಅನುತ್ತೀರ್ಣವೆಂದರೆ ಸಾವು. ಸಂಶೋಧಕರಾದ ಗ್ಯಾರಿ ಪ್ಯಾಟ್ರೊನೆಕ್ ಮತ್ತು ಜಾನಿಸ್ ಬ್ರಾಡ್ಲಿ 2016ರಲ್ಲಿ ಇಂಥ ಪರೀಕ್ಷೆಗಳನ್ನು ಒರೆಗೆ ಹಚ್ಚಿ, ನಾಣ್ಯ ಚಿಮ್ಮಿ ನಿರ್ಧರಿಸುವುದಕ್ಕಿಂತ ಇವು ಮೇಲಲ್ಲ ಎಂದರು.

ಲೆಕ್ಕ ಹಾಕಿದರೆ ಕಾರಣ ತಿಳಿಯುತ್ತದೆ. ನೂರು ನಾಯಿಗಳಲ್ಲಿ ಹತ್ತು ನಿಜಕ್ಕೂ ಅಪಾಯಕಾರಿ, ಪರೀಕ್ಷೆ ಶೇ 80ರಷ್ಟು ಸರಿ ಎಂದಿಟ್ಟುಕೊಳ್ಳೋಣ. ಹತ್ತರಲ್ಲಿ ಎಂಟು ಸಿಕ್ಕಿಬೀಳುತ್ತವೆ. ಉಳಿದ ತೊಂಬತ್ತು ಸಾಧು ನಾಯಿಗಳಲ್ಲಿ ಹದಿನೆಂಟಕ್ಕೆ ಸುಳ್ಳು ಹಣೆಪಟ್ಟಿ ಬೀಳುತ್ತದೆ. ಒಟ್ಟು ಇಪ್ಪತ್ತಾರು ‘ಆಕ್ರಮಣಕಾರಿ’ ನಾಯಿಗಳಲ್ಲಿ ಸುಮಾರು ಮೂರನೇ ಎರಡು ಭಾಗ ನಿರಪರಾಧಿಗಳು. ನಿಜವಾಗಿ ಕಚ್ಚುವ ಎರಡು ನಾಯಿಗಳು ಮರಳಿ ಬೀದಿಗೆ. ಸಾಲದ್ದಕ್ಕೆ, ಬಲೆ ಹಾಕಿ ಹಿಡಿದು, ಅಪರಿಚಿತ ನಾಯಿಗಳ ನಡುವೆ ಕೂಡಿಹಾಕಿದ ಪ್ರಾಣಿ ಪರೀಕ್ಷೆಯಲ್ಲಿ ತೋರುವುದು ಹೆಚ್ಚಾಗಿ ಭಯವನ್ನೇ.

ಮನುಷ್ಯರ ಸ್ವಭಾವ ಪರೀಕ್ಷೆಯದೂ ಇದೇ ಕಥೆ. ಗ್ರೀಕ್ ವೈದ್ಯ ಪರಂಪರೆ ಮನುಷ್ಯರನ್ನು ನಾಲ್ಕು ಸ್ವಭಾವಗಳಾಗಿ ವಿಂಗಡಿಸಿತ್ತು. ರಷ್ಯದ ವಿಜ್ಞಾನಿ ಇವಾನ್ ಪಾವ್ಲೋವ್ ಅದೇ ನಾಲ್ಕು ಹೆಸರುಗಳನ್ನು ಪ್ರಯೋಗಾಲಯದ ನಾಯಿಗಳಿಗೂ ಹಚ್ಚಿದ. ಇಂದು ಕಂಪನಿಗಳು ಬಳಸುವ ಮೈಯರ್ಸ್-ಬ್ರಿಗ್ಸ್ ಪರೀಕ್ಷೆ ಜನರನ್ನು ಹದಿನಾರು ಬಗೆಯಾಗಿಸುತ್ತದೆ. ಆದರೆ ಕೆಲವೇ ವಾರಗಳ ನಂತರ ಮತ್ತೆ ಬರೆದರೆ ಅನೇಕರು ಬೇರೊಂದು ಬಗೆಗೆ ಸೇರುತ್ತಾರೆ. ತಪ್ಪು ಫಲಿತಾಂಶ ಬಂದ ಉದ್ಯೋಗಿ ಪ್ರತಿಭಟಿಸಬಲ್ಲ, ನಾಯಿಗೆ ಮೇಲ್ಮನವಿಯಿಲ್ಲ.

ಇಷ್ಟರಿಂದ ಎಲ್ಲ ನಾಯಿಯೂ ಸಾಧು ಎಂದಾಗದು. ಜಗತ್ತಿನ ರೇಬೀಸ್ ಸಾವುಗಳಲ್ಲಿ ಶೇ 36ರಷ್ಟು ಭಾರತದಲ್ಲೇ ಆಗುತ್ತವೆ ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಕಚ್ಚಿಸಿಕೊಂಡ ಮಗುವಿನ ಹೆತ್ತವರಿಗೆ ಅಂಕಿಅಂಶದ ಪಾಠ ಹೇಳುವ ಪ್ರಾಣಿಪ್ರಿಯರ ವಾದವೂ ಅಷ್ಟೇ ಪೊಳ್ಳು. ಕಚ್ಚಿದ್ದಕ್ಕೆ ಪುರಾವೆಯಿದ್ದಾಗ ಪರೀಕ್ಷೆಯ ಅಗತ್ಯವೇ ಇಲ್ಲ.

ನಂಬಬಹುದಾದ ಅಳತೆ ನಡವಳಿಕೆಯ ದಾಖಲೆ ಮಾತ್ರ: ಯಾವ ನಾಯಿ, ಯಾರನ್ನು, ಎಲ್ಲಿ, ಎಷ್ಟು ಸಲ ಕಚ್ಚಿತು; ಕೆಣಕಿದ್ದಕ್ಕೋ, ಮರಿಗಳ ರಕ್ಷಣೆಗೋ, ಕಾರಣವಿಲ್ಲದೆಯೋ. ಕಚ್ಚಿಸಿಕೊಂಡವರು ಆಸ್ಪತ್ರೆಗೆ ಬಂದಾಗಲೇ ಈ ವಿವರ ಬರೆದುಕೊಂಡು ಸ್ಥಳೀಯ ಸಂಸ್ಥೆಗೆ ಕಳಿಸಬೇಕು. ಪಶುವೈದ್ಯರು ನಾಯಿಯನ್ನು ಒಂದಕ್ಕಿಂತ ಹೆಚ್ಚು ದಿನ ಗಮನಿಸಿ ಲಿಖಿತ ಅಭಿಪ್ರಾಯ ಕೊಡಬೇಕು. ಅಂಥ ದಾಖಲೆಯಿಲ್ಲದೆ ಯಾವ ನಾಯಿಗೂ ‘ಆಕ್ರಮಣಕಾರಿ’ ಎಂಬ ಹಣೆಪಟ್ಟಿ ಹಚ್ಚಕೂಡದು. ದಾಖಲೆಯಿರುವ ನಾಯಿಯನ್ನು ಯಾರ ಒತ್ತಡಕ್ಕೂ ಮಣಿದು ಬೀದಿಗೆ ಬಿಡಕೂಡದು.