ಜಾತ್ರೆ ಸಾಲದು, ಸಂತೆ ಬೇಕು

ಚಿತ್ರಮಂದಿರಗಳು ಒಂದೊಂದಾಗಿ ಬಾಗಿಲು ಹಾಕುತ್ತಿರುವಾಗ ಚಿತ್ರರಂಗದ ಅನೇಕರು ಹೇಳುವ ಪರಿಹಾರ ಒಂದೇ: ದೊಡ್ಡ ಚಿತ್ರ ಬರಲಿ, ಜನ ತಾವಾಗಿಯೇ ಬರುತ್ತಾರೆ. ‘ಕೆಜಿಎಫ್’, ‘ಕಾಂತಾರ’ಗಳಿಗೆ ಜನ ಮುಗಿಬಿದ್ದದ್ದನ್ನು ಕಂಡವರು ಹೀಗೆ ಹೇಳುವುದು ಸಹಜ. ಅವರ ಮೇಲಿನ ಗೌರವ ಇಟ್ಟುಕೊಂಡೇ ನಾನಿದನ್ನು ಒಪ್ಪುವುದಿಲ್ಲ. ದೊಡ್ಡ ಚಿತ್ರ ಜನರನ್ನು ಒಮ್ಮೆ ಕರೆತರುತ್ತದೆ, ರೂಢಿ ಬೆಳೆಸುವುದಿಲ್ಲ. ಊರಿನ ವ್ಯಾಪಾರ ನಡೆಯುವುದು ವರ್ಷದ ಜಾತ್ರೆಯಿಂದಲ್ಲ, ವಾರದ ಸಂತೆಯಿಂದ.

ಟೆಂಟ್ ಸಿನಿಮಾದ ಕಾಲದಲ್ಲಿ ಚಿತ್ರ ನೋಡುವುದು ಸಂತೆಯೇ ಆಗಿತ್ತು. ಸಂಜೆ ಮೈಕಿನಲ್ಲಿ ಘಂಟಸಾಲರ ‘ನಮೋ ವೆಂಕಟೇಶ’ ಕೇಳಿಸಿದರೆ ಟಿಕೆಟ್ ಕೊಡಲು ಶುರುವಾಯಿತೆಂದು ಅರ್ಥ. ಒಲೆ ಮುಂದಿದ್ದ ಹೆಂಗಸರು ಬೇಗಬೇಗ ಮುದ್ದೆ ತಿರುವಿಟ್ಟು, ಮಗುವನ್ನು ಕಂಕುಳಿಗೇರಿಸಿ, ನೆರೆಮನೆಯವಳನ್ನು ಕೂಗಿಕೊಂಡು ಹೊರಡುತ್ತಿದ್ದರು. ಯಾವ ಚಿತ್ರ ಎಂಬುದು ಎಷ್ಟೋ ಸಲ ಅಲ್ಲಿಗೆ ಹೋದಮೇಲೇ ತಿಳಿಯುತ್ತಿತ್ತು. ಪ್ರೊಜೆಕ್ಟರ್ ಒಂದೇ ಇದ್ದಲ್ಲಿ ರೀಲು ಬದಲಿಸುವಾಗಲೆಲ್ಲ ದೀಪ ಹತ್ತುತ್ತಿತ್ತು. ಆ ಬೆಳಕಿನಲ್ಲೇ ಕಡಲೆಕಾಯಿ, ಯೋಗಕ್ಷೇಮ, ಹೆಣ್ಣು ಗಂಡಿನ ವಿಚಾರ. ಎಲ್ಲರೂ ಸಮಾನರಾಗಿ ಕೂತಿದ್ದರೆಂದು ನಾನು ಹೇಳಲಾರೆ. ನೆಲ, ಬೆಂಚು, ಕುರ್ಚಿಯ ಅಂತರ ಊರಿನೊಳಗಿನ ಅಂತರವೇ. ಆದರೆ ಯಾರಿಗೂ ಟೆಂಟ್ ದೂರವಿರಲಿಲ್ಲ.

ಬೆಂಗಳೂರಿನಲ್ಲೂ ಹಾಗೆಯೇ. ರಾಜ್ಯದ ಮೂಲೆಮೂಲೆಯವರು ಇಳಿಯುವ ಬಸ್ ನಿಲ್ದಾಣವನ್ನು ಜನ ಇಂದಿಗೂ ಕರೆಯುವುದು ಒಂದು ಚಿತ್ರಮಂದಿರದ ಹೆಸರಿನಿಂದ, ಮೆಜೆಸ್ಟಿಕ್ ಎಂದು. 1972ರ ‘ಬಂಗಾರದ ಮನುಷ್ಯ’ ಅಲ್ಲೇ ಹತ್ತಿರದ ಸ್ಟೇಟ್ಸ್ ಚಿತ್ರಮಂದಿರದಲ್ಲಿ ಎರಡು ವರ್ಷ ಓಡಿತು. ಮೊದಲ ದಿನದ ಅಭಿಮಾನಿಗಳಿಂದಷ್ಟೇ ಅದು ಆಗುವ ಮಾತಲ್ಲ. ಕೋರ್ಟು, ಆಸ್ಪತ್ರೆ, ಮದುವೆ ಜವಳಿಗೆಂದು ಬಂದವರು ರಾತ್ರಿ ಬಸ್ಸಿಗೆ ಮುಂಚೆ ಒಂದು ಆಟ ನೋಡಿಕೊಂಡು ಹೋಗುವಂತಿತ್ತು.

ಈಗ ಚಿತ್ರ ಒಂದೆರಡು ವಾರ ನಿಂತರೆ ಹೆಚ್ಚು. ನೋಡಬೇಕೆಂದರೆ ಆಪ್‌ನಲ್ಲಿ ಸೀಟು, ಮಾಲ್‌ಗೆ ಗಾಡಿ, ಪಾಪ್‌ಕಾರ್ನ್‌ಗೆ ಬೇರೆ ದುಡ್ಡು. ಟಿಕೆಟ್ ದರಕ್ಕೆ 200 ರೂಪಾಯಿಯ ಮಿತಿ ಹಾಕಲು ಸರ್ಕಾರ 2025ರಲ್ಲಿ ಹೊರಟದ್ದು ಸರಿಯಾದ ಯೋಚನೆ. ಹೈಕೋರ್ಟ್ ಅದಕ್ಕೆ ಮಧ್ಯಂತರ ತಡೆ ಕೊಟ್ಟಿತು. ದರ ಇಳಿದರೂ ದೂರ ಇಳಿಯುವುದಿಲ್ಲ. ತಾಲ್ಲೂಕು ಕೇಂದ್ರದ ಬಸ್ ನಿಲ್ದಾಣದ ಪಕ್ಕ ನೂರೈವತ್ತು ಕುರ್ಚಿಯ ಒಂದು ಹಾಲ್, ಕೆಲಸ ಮುಗಿಸಿದವರಿಗೆ ಸಂಜೆ ಆರೂವರೆಗೊಂದು ಆಟ, ಹಳ್ಳಿಯ ಕೊನೆಯ ಬಸ್ಸು ಹೊರಡುವ ಮುಂಚೆ ಮುಗಿಯುವಂತೆ: ಚಿತ್ರರಂಗ ಸರ್ಕಾರದ ಮುಂದೆ ಮೊದಲು ಇಡಬೇಕಾದ ಬೇಡಿಕೆ ಇದು.