ಸತ್ತವರಿಗೆ ನೋಟಿಸ್, ಇದ್ದವರಿಗೆ ಆದೇಶ



ಉಪವಿಭಾಗಾಧಿಕಾರಿಗಳ (ಎ.ಸಿ.) ಕೋರ್ಟುಗಳಲ್ಲಿ ಕೊಳೆಯುತ್ತಿರುವ ಜಮೀನು ಮೇಲ್ಮನವಿಗಳನ್ನು ಬೇಗ ಮುಗಿಸಿ ಎಂದು ಕಂದಾಯ ಇಲಾಖೆ ಅಧಿಕಾರಿಗಳ ಬೆನ್ನು ಹತ್ತಿದೆ. ವಾಯಿದೆಯಿಂದ ವಾಯಿದೆಗೆ ಅಲೆದು ಸೋತ ರೈತರಿಗೆ ಇದು ಬೇಕಾಗಿಯೇ ಇತ್ತು. ಆದರೆ ಈ ಭರದಲ್ಲಿ ಎದುರುದಾರನಿಗೆ ನೋಟಿಸ್ ಮುಟ್ಟಿತೋ ಇಲ್ಲವೋ ಎಂದು ನೋಡುವವರು ಯಾರು? ಹಳ್ಳಿಯ ಅಂಚೆ ಕಚೇರಿಯಲ್ಲಿ ಮೂವತ್ತು ವರ್ಷ ಕೂತವನು ನಾನು. ಇಂಥ ಲಕೋಟೆಗಳು ಎಷ್ಟೋ ನನ್ನ ಕೈದಾಟಿ ಹೋಗಿವೆ.

ಅದರಲ್ಲೊಂದು ಮರೆಯಲಾಗಿಲ್ಲ. ನಮ್ಮೂರಿನ ರೈತರೊಬ್ಬರ ಹೆಸರಿಗೆ ಎ.ಸಿ. ಕಚೇರಿಯಿಂದ ರಿಜಿಸ್ಟರ್ ಪೋಸ್ಟ್ ಬಂತು. ಆತ ತೀರಿಕೊಂಡು ಒಂಬತ್ತು ವರ್ಷವಾಗಿತ್ತು. ಹೆಂಡತಿ ಅದೇ ಮನೆಯಲ್ಲಿದ್ದರು, ಪಹಣಿ ಮಾತ್ರ ಗಂಡನ ಹೆಸರಲ್ಲೇ ಉಳಿದಿತ್ತು. ‘ವಿಳಾಸದಾರರು ಮೃತರು’ ಎಂದು ಷರಾ ಬರೆದು, ಸಹಿ ಹಾಕಿ, ಮುದ್ರೆಯೊತ್ತಿ ವಾಪಸ್ ಕಳಿಸಿದೆ. ಮುಂದಿನ ವರ್ಷ ಪೌತಿ ಖಾತೆ ಮಾಡಿಸೋಣವೆಂದು ಆ ತಾಯಿ ಪಹಣಿ ತೆಗೆಸಿದರೆ ಅದರಲ್ಲಿ ಬೇರೆಯವರ ಹೆಸರು! ಕಡತದ ನಕಲು ತೆಗೆಸಿ, ಓದಿ ಹೇಳಪ್ಪಾ ಎಂದು ನನ್ನ ಬಳಿಗೆ ತಂದರು. ನೋಟಿಸ್ ಜಾರಿಯಾಗಿದ್ದರೂ ಎದುರುದಾರರು ಗೈರು ಎಂದಿತ್ತು ಆದೇಶ. ಕೊನೆಯ ಹಾಳೆಯಲ್ಲಿ ಅದೇ ಲಕೋಟೆಯ ಜೆರಾಕ್ಸ್, ಅದರ ಮೇಲೆ ನನ್ನದೇ ಅಕ್ಷರ. ಸತ್ತವನು ಗೈರಾಗದೆ ಇನ್ನೇನಾಗುತ್ತಾನೆ?

ಲಕೋಟೆ ವಾಪಸ್ ಬಂದರೆ ಸಾಕು, ಅದನ್ನೇ ‘ಜಾರಿ’ ಎಂದು ಬರೆದುಕೊಳ್ಳುವ ಅಭ್ಯಾಸ ಮೊದಲು ನಿಲ್ಲಬೇಕು. ಅಂಚೆಯವನ ಷರಾಗಳೆಲ್ಲ ಒಂದೇ ಅಲ್ಲ. ‘ತೆಗೆದುಕೊಳ್ಳಲು ನಿರಾಕರಿಸಿದರು’ ಎಂದಿದ್ದರೆ ಜಾರಿಯಾಯಿತೆನ್ನಿ, ಒಪ್ಪುತ್ತೇನೆ. ‘ಊರು ಬಿಟ್ಟಿದ್ದಾರೆ’, ‘ವಿಳಾಸ ಸಾಲದು’, ‘ಮೃತರು’ ಎಂದಿದ್ದರೆ ನೋಟಿಸ್ ಮುಟ್ಟಿಲ್ಲವೆಂದೇ ಅರ್ಥ. ಸಿವಿಲ್ ಕೋರ್ಟಿನ ಅಮೀನ ಬಾಗಿಲಿಗೆ ಸಮನ್ಸ್ ಅಂಟಿಸಿದರೂ, ಮನೆ ತೋರಿಸಿದವರು ಯಾರು, ಯಾರ ಸಮಕ್ಷಮ ಅಂಟಿಸಿದ್ದು ಎಂದು ವರದಿ ಕೊಡಬೇಕು. ಜಮೀನಿನ ಖಾತೆಯನ್ನೇ ಬದಲಿಸುವ ಕಡೆ ಇಷ್ಟಾದರೂ ಬೇಡವೇ?

ವಿಳಾಸದ ಕಥೆ ಇನ್ನೊಂದು. ಪಹಣಿಯಲ್ಲಿ ಹೆಸರು, ತಂದೆಯ ಹೆಸರು, ವಿಸ್ತೀರ್ಣ ಇರುತ್ತವೆ. ಮನೆ ವಿಳಾಸ ಇರುವುದಿಲ್ಲ. ಹಾಗಾಗಿ ಎದುರುದಾರನ ವಿಳಾಸ ಕೊಡುವವನು ಮೇಲ್ಮನವಿದಾರನೇ. ಎದುರಾಳಿ ಬರದಿದ್ದರೆ ಲಾಭ ಯಾರಿಗೋ, ಅವನ ಕೈಗೇ ವಿಳಾಸ ಬರೆಯುವ ಪೆನ್ನು! ಮಗ ಬೆಂಗಳೂರಿನಲ್ಲಿದ್ದಾನೆ ಎಂದು ಊರಿಗೆಲ್ಲ ಗೊತ್ತಿದ್ದರೂ ಲಕೋಟೆ ಹಳ್ಳಿಯ ಬೀಗ ಹಾಕಿದ ಮನೆಗೇ ಬರುತ್ತದೆ.

1964ರ ಭೂಕಂದಾಯ ಕಾಯ್ದೆಯ 136ನೇ ಕಲಮನ್ನು ವಕೀಲರೊಬ್ಬರಿಂದ ಓದಿಸಿಕೊಂಡೆ. ಖಾತೆ ಬದಲಾವಣೆಯ ನಮೂದು ತಿಳಿದುಬಂದ ದಿನದಿಂದ 60 ದಿನದೊಳಗೆ ಮೇಲ್ಮನವಿ ಹಾಕಬಹುದಂತೆ. ಈ ‘ತಿಳಿದುಬಂದ ದಿನ’ ಹಿಡಿದುಕೊಂಡು ಮೂವತ್ತು ವರ್ಷ ಹಿಂದಿನ ಖಾತೆ ಬದಲಾವಣೆಯನ್ನೂ (ಎಂ.ಆರ್.) ಕೆದಕುತ್ತಾರೆ. ನನಗೆ ಗೊತ್ತೇ ಇರಲಿಲ್ಲ ಎಂದು ಮೇಲ್ಮನವಿದಾರ ಹೇಳಿದರೆ ಆ ಮಾತಿಗೆ ಬೆಲೆಯುಂಟು. ಎದುರುದಾರ ಅದೇ ಮಾತು ಹೇಳುವ ಹೊತ್ತಿಗೆ ಪಹಣಿ ತಿದ್ದಿ ಆಗಿರುತ್ತದೆ. ಅದೇ ಕಲಮಿನಡಿ ಜಿಲ್ಲಾಧಿಕಾರಿ ಮರುಪರಿಶೀಲಿಸುವಾಗ, ಬಾಧಿತರನ್ನು ಕೇಳದೆ ಆದೇಶ ಮಾಡಕೂಡದು ಎಂದು ಬರೆದೇ ಇದೆ. ಕೆಳಗಿನ ಮೆಟ್ಟಿಲಿನಲ್ಲಿ ಕೇಳಿದ್ದರೆ ಎಷ್ಟೋ ಜನ ಮೇಲಿನ ಮೆಟ್ಟಿಲು ಹತ್ತುತ್ತಲೇ ಇರಲಿಲ್ಲ.

ದಾರಿ ಇಲ್ಲದೆ ಏನಿಲ್ಲ. 2024ರಲ್ಲಿ ಪಹಣಿಗೆ ಆಧಾರ್ ಜೋಡಿಸಲು ಗ್ರಾಮ ಆಡಳಿತಾಧಿಕಾರಿಗಳು ಮನೆಮನೆಗೆ ಬಂದಿದ್ದರು. ಆ ಜೋಡಣೆಯನ್ನೇ ಬಳಸಿ, ಒಂದು ಸರ್ವೆ ನಂಬರಿನ ಮೇಲೆ ಮೇಲ್ಮನವಿ ದಾಖಲಾದ ದಿನವೇ ಆ ಖಾತೆದಾರರ ಮೊಬೈಲಿಗೆ ಒಂದು ಸಂದೇಶ ಹೋಗಲಿ. ಅದು ನೋಟಿಸಿನ ಬದಲಿಗಲ್ಲ, ಜೊತೆಗೆ. ಚಾವಡಿಯಲ್ಲೂ ಪಂಚಾಯಿತಿ ಕಚೇರಿಯಲ್ಲೂ ಒಂದೊಂದು ಪ್ರತಿ ಅಂಟಿಸಲಿ. ಖಾತೆದಾರ ಬದುಕಿದ್ದಾನೋ ಇಲ್ಲವೋ, ವಾರಸುದಾರರು ಎಲ್ಲಿದ್ದಾರೆ ಎಂದು ಗ್ರಾಮ ಆಡಳಿತಾಧಿಕಾರಿಯ ಅರ್ಧ ಹಾಳೆ ವರದಿ ಬಾರದೆ ‘ಗೈರು’ ಎಂಬ ಪದ ಕಡತದೊಳಗೆ ಬರಕೂಡದು.

ಆ ತಾಯಿಯ ಪ್ರಕರಣವನ್ನು ಜಿಲ್ಲಾಧಿಕಾರಿ ಕೋರ್ಟು ಮರುವಿಚಾರಣೆಗೆಂದು ಅದೇ ಎ.ಸಿ. ಕೋರ್ಟಿಗೆ ವಾಪಸ್ ಕಳಿಸಿದೆ. ಬೇಗ ಮುಗಿಸಿದ ಕೇಸು ಅದು. ಮೂರು ವರ್ಷವಾಯಿತು, ಹೋದ ತಿಂಗಳು ಮೊದಲನೆಯ ವಾಯಿದೆ ಇತ್ತು.

— ಒಬ್ಬ ನಿವೃತ್ತ ಬ್ರಾಂಚ್ ಪೋಸ್ಟ್‌ಮಾಸ್ಟರ್